ಲೋಡೆಡ್ ಫ್ರೈಸ್ ಪಾರ್ಸಲ್ ತರಿಸಬೇಡಿ, ಮನೆಯಲ್ಲೇ ಮಾಡಿ

ಹುಬ್ಬಳ್ಳಿಯ ವಿದ್ಯಾನಗರ, ಗೋಕುಲ ರೋಡ್, ಆ ಕಡೆ ಧಾರವಾಡದ ಸಪ್ತಾಪುರ, ಎಲ್ಲೇ ಹೋದರೂ ಕೆಫೆಗಳ ಮೆನುವಿನಲ್ಲಿ ಈಗ ಲೋಡೆಡ್ ಫ್ರೈಸ್, ಅಂದರೆ ಕರಿದ ಆಲೂಗಡ್ಡೆ ತುಂಡುಗಳ ಮೇಲೆ ಚೀಸ್, ಮಾಂಸ ಹೇರಿದ ತಿಂಡಿ ಕಾಣುತ್ತದೆ. ಹುಡುಗರು ಮೊಬೈಲ್‌ನಲ್ಲಿ ಆರ್ಡರ್ ಮಾಡಿ ಮನೆಗೇ ತರಿಸುತ್ತಾರೆ. ಡಬ್ಬಿ ಬಿಚ್ಚಿದರೆ ಒಳಗೆ ಮೆತ್ತಗಾದ ಆಲೂಗಡ್ಡೆ, ಆರಿ ಗಟ್ಟಿಯಾದ ಚೀಸ್, ಮೇಲೆ ಬೇಕಾದಷ್ಟು ಮೇಯನೀಸ್. ಮಾಂಸ ಎಲ್ಲಿದೆ ಅಂತ ಹುಡುಕಬೇಕು. ಕೊಟ್ಟ ದುಡ್ಡು ನೆನೆಸಿಕೊಂಡರೆ ಹೊಟ್ಟೆ ಉರಿಯುತ್ತದೆ.

ಕೆಫೆಯವರನ್ನು ಬೈದು ಪ್ರಯೋಜನ ಇಲ್ಲ. ಬಿಸಿ ಫ್ರೈಸನ್ನು ಡಬ್ಬಿಗೆ ಹಾಕಿ ಮುಚ್ಚಿದರೆ ಹಬೆ ಹೊರಗೆ ಹೋಗಲು ದಾರಿ ಇರುವುದಿಲ್ಲ. ಮುಚ್ಚಳಕ್ಕೆ ಹತ್ತಿ, ನೀರಾಗಿ, ಮತ್ತೆ ಫ್ರೈಸ್ ಮೇಲೆಯೇ ಬೀಳುತ್ತದೆ. ಇದು ಮಾಡಿದ ಹತ್ತು ನಿಮಿಷದೊಳಗೆ ತಿನ್ನಬೇಕಾದ ತಿಂಡಿ. ಮಿರ್ಚಿ ಭಜಿಯನ್ನು ಗಾಡಿ ಮುಂದೆ ನಿಂತೇ ತಿನ್ನುತ್ತೇವೆ ಅಲ್ವಾ, ಇದೂ ಹಾಗೇ. ಕಡಾಯಿಗೂ ತಟ್ಟೆಗೂ ನಡುವೆ ಸ್ಕೂಟರ್ ಬರಬಾರದು. ಅದಕ್ಕೇ ಇದನ್ನು ಮನೆಯಲ್ಲಿ ಮಾಡಿಯೇ ತಿನ್ನಬೇಕು ಅಂತ ನಾನು ಎಲ್ಲರಿಗೂ ಹೇಳುವುದು.

ಸುಟ್ಟ ಮಾಂಸವನ್ನು ಫ್ರೈಸ್ ಮೇಲೆ ಹಾಕುವ ಪದ್ಧತಿ ಅಮೆರಿಕದ ಸ್ಯಾನ್ ಡಿಯಾಗೋ ಕಡೆಯ ಮೆಕ್ಸಿಕನ್ ಅಂಗಡಿಗಳಿಂದ ಹೆಸರಾಯಿತು. ಅಲ್ಲಿ ಅದಕ್ಕೆ ಕಾರ್ನೆ ಅಸಾಡಾ ಫ್ರೈಸ್ ಅನ್ನುತ್ತಾರೆ. ದನದ ಮಾಂಸದ ಸ್ಟೇಕ್, ಚೀಸ್, ಬೆಣ್ಣೆಹಣ್ಣಿನ ಗ್ವಾಕಮೋಲೆ, ಹುಳಿ ಕ್ರೀಮ್ ಹಾಕುತ್ತಾರೆ. ನಮ್ಮ ಮನೆಯಲ್ಲಿ ಮಟನ್. ಸಾವಜಿ ಖಾನಾವಳಿಗಳ ಊರಲ್ಲಿ ಒಳ್ಳೆಯ ಮಟನ್‌ಗೇನು ಬರವೇ?

ಆದರೆ ಮೊದಲ ಮರ್ಯಾದೆ ಆಲೂಗಡ್ಡೆಗೆ. ಅದು ಕೆಟ್ಟರೆ ಮೇಲೆ ಏನು ಹಾಕಿದರೂ ವ್ಯರ್ಥ. ನಮ್ಮ ಧಾರವಾಡ, ಬೆಳಗಾವಿ ಕಡೆ ಮಳೆಗಾಲದಲ್ಲಿ ಬೆಳೆದ ಆಲೂಗಡ್ಡೆ ಹೊಸದಾಗಿ ಬಂದಾಗ ನೀರಿನಂಶ ಜಾಸ್ತಿ. ಪಲ್ಯಕ್ಕೆ ಬಹಳ ಚೆನ್ನ, ಫ್ರೈಸ್‌ಗೆ ಅಷ್ಟಕ್ಕಷ್ಟೆ. ಸಿಪ್ಪೆ ಬಲಿತದ್ದು, ಕೈಯಲ್ಲಿ ಹಿಡಿದರೆ ಗಾತ್ರಕ್ಕಿಂತ ಭಾರ ಅನ್ನಿಸುವುದನ್ನು ಆರಿಸಿ. ಹಿಟ್ಟಿನಂಶ ಜಾಸ್ತಿ ಇದ್ದಷ್ಟೂ ಗರಿಗರಿ. ತಂದದ್ದನ್ನು ಫ್ರಿಜ್‌ನಲ್ಲಿ ಮಾತ್ರ ಇಡಬೇಡಿ. ಥಂಡಿಗೆ ಅದರ ಪಿಷ್ಟ ಸಕ್ಕರೆಯಾಗುತ್ತದೆ. ಕರಿಯುವಾಗ ಒಳಗೆ ಬೇಯುವ ಮೊದಲೇ ಹೊರಗೆ ಕಪ್ಪಾಗಿ ಕಹಿಯಾಗುತ್ತದೆ.

ಬೆರಳುದ್ದ, ಬೆರಳಿಗಿಂತ ಸ್ವಲ್ಪ ಸಣ್ಣಗೆ ಹೆಚ್ಚಿ ಅರ್ಧ ಗಂಟೆ ತಣ್ಣೀರಿನಲ್ಲಿ ಬಿಡಿ. ನೀರು ಹಾಲಿನ ಬಣ್ಣಕ್ಕೆ ತಿರುಗುತ್ತದೆ. ಅದನ್ನು ಚೆಲ್ಲಿ, ತೊಳೆದು, ಹಳೆಯ ಹತ್ತಿ ಬಟ್ಟೆ ಮೇಲೆ ಹರವಿ ಚೆನ್ನಾಗಿ ಒರೆಸಿ. ಆಮೇಲೆ ಎರಡು ಸಲ ಕರಿಯಬೇಕು. ಮೊದಲನೇ ಸಲ ಹದ ಬಿಸಿ ಎಣ್ಣೆ, ಸುಮಾರು 150 ಡಿಗ್ರಿ. ಒಂದು ತುಂಡು ಬಿಟ್ಟರೆ ಸುತ್ತ ಸಣ್ಣ ಗುಳ್ಳೆ ಏಳಬೇಕು, ಬಣ್ಣ ತಿರುಗಬಾರದು. ಐದಾರು ನಿಮಿಷದಲ್ಲಿ ಒಳಗೆ ಬೇಯುತ್ತದೆ. ತೆಗೆದು ಹರವಿ ಪೂರ್ತಿ ಆರಲು ಬಿಡಿ. ಎರಡನೇ ಸಲ 180 ದಾಟಿದ ಎಣ್ಣೆಯಲ್ಲಿ ಎರಡು ಮೂರು ನಿಮಿಷ. ಆಗ ಸಿಪ್ಪೆ ಕಟ್ಟಿದ ಹಾಗೆ ಹೊರಗೆ ಗಟ್ಟಿಯಾಗುತ್ತದೆ, ಜಾಲರಿ ಸೌಟಿನಲ್ಲಿ ಅಲುಗಿಸಿದರೆ ಕಟಕಟ ಸದ್ದು ಬರುತ್ತದೆ. ಆ ಸದ್ದು ಬಂದರೆ ಗೆದ್ದಿರಿ. ನಾನು ಬಳಸುವುದು ಶೇಂಗಾ ಎಣ್ಣೆ, ಬೇರೆ ಯಾವುದರಲ್ಲೂ ಆ ಪರಿಮಳ ಸಿಗುವುದಿಲ್ಲ. ಅಂಗಡಿಯ ಫ್ರೋಜನ್ ಪ್ಯಾಕೆಟ್ ತಂದರೂ ತಪ್ಪಲ್ಲ. ಅದನ್ನು ಫ್ಯಾಕ್ಟರಿಯಲ್ಲೇ ಒಂದು ಸಲ ಕರಿದಿರುತ್ತಾರೆ. ಐಸ್ ಬಿಡಿಸದೆ ನೇರ ಬಿಸಿ ಎಣ್ಣೆಗೆ ಹಾಕಿ.

ಇನ್ನು ಮಟನ್. ನಾಲ್ಕು ಜನಕ್ಕೆ ಅರ್ಧ ಕಿಲೋ ಸಾಕು. ಅಂಗಡಿಯಲ್ಲಿ ಬಾಯಿಬಿಟ್ಟು ಹೇಳಬೇಕು, ಇಲ್ಲದಿದ್ದರೆ ಸಾರಿಗೆ ಅಂತ ತಿಳಿದು ಕೊಚ್ಚಿ ಕೊಡುತ್ತಾರೆ. "ಕಾಕಾ, ತೊಡಿದು ಬೋನ್‌ಲೆಸ್ ಬೇಕ್ರಿ. ತುಂಡ ಮಾಡಬ್ಯಾಡ್ರಿ, ಹಂಗs ಕೊಡ್ರಿ" ಅನ್ನಿ. ಮನೆಗೆ ತಂದು ಕಿರುಬೆರಳಿನ ದಪ್ಪಕ್ಕೆ ಅಗಲವಾದ ಹಾಳೆಗಳಾಗಿ ಸೀಳಿ. ಉಪ್ಪು, ಎಣ್ಣೆ, ಜಜ್ಜಿದ ಬಳ್ಳೊಳ್ಳಿ, ಅರ್ಧ ಚಮಚ ಹಸಿ ಪಪ್ಪಾಯಿ ಪೇಸ್ಟ್ ಸವರಿ ಅರ್ಧ ಗಂಟೆ ಇಡಿ. ಪಪ್ಪಾಯಿ ಮಾಂಸವನ್ನು ಮೆತ್ತಗೆ ಮಾಡುತ್ತದೆ, ಆದರೆ ಹೊತ್ತು ಜಾಸ್ತಿಯಾದರೆ ಮಾಂಸ ಪಿಚಪಿಚ ಅನ್ನುತ್ತದೆ. ಖಾರದ ಪುಡಿ ಈಗಲೇ ಬೇಡ, ಕಾದ ಕಬ್ಬಿಣದ ಮೇಲೆ ಅದು ಸೀದು ಕಹಿಯಾಗುತ್ತದೆ.

ಗ್ರಿಲ್ ಇಲ್ಲ ಅಂತ ಕೈಬಿಡಬೇಡಿ. ನಮ್ಮ ಕಡೆ ಮನೆಮನೆಯಲ್ಲೂ ಇರುವ ಕಬ್ಬಿಣದ ರೊಟ್ಟಿ ಹಂಚು ಇದಕ್ಕೆ ಹೇಳಿ ಮಾಡಿಸಿದ್ದು. ದಪ್ಪ ಕಬ್ಬಿಣ ಬಿಸಿ ಹಿಡಿದಿಡುತ್ತದೆ, ಮಾಂಸ ಬಿದ್ದ ತಕ್ಷಣ ತಣ್ಣಗಾಗುವುದಿಲ್ಲ. ಹಂಚು ಸಣ್ಣಗೆ ಹೊಗೆಯಾಡುವ ತನಕ ಕಾಯಲಿ. ಮಾಂಸದ ಮೇಲಿನ ಬಳ್ಳೊಳ್ಳಿ, ತೇವ ಎರಡನ್ನೂ ಒರೆಸಿ ತೆಗೆಯಿರಿ. ಮೇಲೆ ನೀರಿದ್ದರೆ ಅದು ಆವಿಯಾಗುವ ತನಕ ಮಾಂಸ ಬೇಯುತ್ತದೆ ಅಷ್ಟೇ, ಸುಡುವುದಿಲ್ಲ. ಆ ಕಂದು ಬಣ್ಣ ಬಂದರೇ ರುಚಿ. ಒಂದೊಂದು ಬದಿಗೆ ಎರಡು ಮೂರು ನಿಮಿಷ, ಸುಮ್ನೆ ಹೊರಳಿಸುತ್ತಾ ಇರಬೇಡಿ. ಮಟನ್‌ಗೆ ರೇರ್, ಮೀಡಿಯಂ ಲೆಕ್ಕ ನನಗೆ ಒಪ್ಪುವುದಿಲ್ಲ. ಒಳಗೆ ಪೂರ್ತಿ ಬೆಂದಿರಬೇಕು.

ಇಳಿಸಿ ಐದು ನಿಮಿಷ ಹಾಗೇ ಬಿಡಿ. ತಕ್ಷಣ ಕತ್ತರಿಸಿದರೆ ರಸವೆಲ್ಲ ಹಲಗೆ ಮೇಲೆ ಹರಿಯುತ್ತದೆ. ಆಮೇಲೆ ಎಳೆ ಯಾವ ಕಡೆ ಓಡುತ್ತಿದೆ ನೋಡಿ, ಅದಕ್ಕೆ ಅಡ್ಡವಾಗಿ ತೆಳ್ಳಗೆ ಕತ್ತರಿಸಿ. ಉದ್ದಕ್ಕೆ ಕತ್ತರಿಸಿದರೆ ಅದೇ ಮಾಂಸ ಹಲ್ಲಿಗೆ ಸಿಕ್ಕಿ ಎಳೆದಾಡಬೇಕಾಗುತ್ತದೆ. ಈಗ ಖಾರ. ಎರಡು ಚಮಚ ಎಣ್ಣೆ ಬೆಚ್ಚಗೆ ಮಾಡಿ, ಒಲೆ ಆರಿಸಿ, ಬ್ಯಾಡಗಿ ಮೆಣಸಿನಕಾಯಿ ಪುಡಿ ಕಲಸಿ ಮಾಂಸಕ್ಕೆ ಹೊರಳಿಸಿ. ಬ್ಯಾಡಗಿಯಲ್ಲೇ 'ಡಬ್ಬಿ' ಅನ್ನುವ ತಳಿಯದಾದರೆ ಇನ್ನೂ ಒಳ್ಳೆಯದು. ಬಣ್ಣ ಕೆಂಪಗೆ ಎಣ್ಣೆಗೆ ಇಳಿಯುತ್ತದೆ, ಖಾರ ನಾಲಿಗೆ ಸುಡುವುದಿಲ್ಲ. 2011ರಲ್ಲಿ ಜಿಐ (ಭೌಗೋಳಿಕ ಗುರುತು) ಮಾನ್ಯತೆ ಪಡೆದ ಮೆಣಸಿನಕಾಯಿ ಹಾವೇರಿ ಜಿಲ್ಲೆಯಲ್ಲೇ ಇರುವಾಗ ಬಾಟಲಿಯ ಪೆರಿ ಪೆರಿ ಪುಡಿಗೆ ಯಾಕೆ ಓಡಬೇಕು ಹೇಳಿ.

ಮೇಯನೀಸ್ ನಮ್ಮ ಮನೆಯಲ್ಲಿ ಇಲ್ಲ. ಬಟ್ಟೆಯಲ್ಲಿ ಕಟ್ಟಿ ನೀರು ಇಳಿಸಿದ ಗಟ್ಟಿ ಎಮ್ಮೆ ಮೊಸರಿಗೆ ಒಂದು ಚಮಚ ರಂಜಕ ಕಲಸಿದರೆ ಮುಗಿಯಿತು. ಹಣ್ಣು ಮೆಣಸಿನಕಾಯಿ, ಬಳ್ಳೊಳ್ಳಿ, ಲಿಂಬೆಯ ಹುಳಿ ಎಲ್ಲಾ ಅದರಲ್ಲೇ ಇದೆ. ಕರಿದ ಜಿಡ್ಡನ್ನು ಕತ್ತರಿಸಲು ಆ ಹುಳಿ ಬೇಕೇ ಬೇಕು. ಚೀಸ್ ತುರಿದು ಹಾಕಿ, ಕಡಿಮೆ ಹಾಕಿ.

ಜೋಡಿಸುವಾಗ ಆಳದ ಬಟ್ಟಲು ಬೇಡ, ಕೆಳಗಿನ ಫ್ರೈಸ್ ಬೆವರುತ್ತದೆ. ಅಗಲವಾದ ಸ್ಟೀಲ್ ತಟ್ಟೆಯಲ್ಲಿ ತೆಳುವಾಗಿ ಹರವಿ. ಫ್ರೈಸ್, ಚೀಸ್, ಬಿಸಿ ಮಟನ್, ಹಸಿ ಉಳ್ಳಾಗಡ್ಡಿ, ಕೊತ್ತಂಬರಿ. ಮೊಸರು ಕೊನೆಗೆ, ಅದೂ ಅಲ್ಲಲ್ಲಿ.

ಬಹಳ ಜನ ಬರುವವರಿದ್ದರೆ ಮೊದಲನೇ ಸಲ ಕರಿಯುವುದನ್ನು ಬೆಳಿಗ್ಗೆಯೇ ಮುಗಿಸಿ, ಆರಿಸಿ ಫ್ರೀಜರ್‌ನಲ್ಲಿ ಇಡಬಹುದು. ಮಟನ್ ಹಾಳೆಗಳನ್ನೂ ಸೀಳಿ ಇಟ್ಟುಕೊಳ್ಳಿ. ಎರಡನೇ ಸಲ ಕರಿಯುವುದು ಮಾತ್ರ ಎಲ್ಲರೂ ಬಂದು ಕೂತ ಮೇಲೆ. ಯಾರಾದರೂ ತಡವಾಗಿ ಬಂದರೆ ಅವರ ಪಾಲು ಅವರು ಬಂದ ಮೇಲೆಯೇ ಕರಿದುಕೊಡಿ, ಮುಚ್ಚಿಡಬೇಡಿ.