222–0: ಒಂದು ಕರಾರುಪಾಲನೆ

ಅಟ್ಲಾಂಟಾದ ಜಾರ್ಜಿಯಾ ಟೆಕ್ ಕಾಲೇಜಿನ ಫುಟ್‌ಬಾಲ್ ತಂಡ 1916ರಲ್ಲಿ ಒಂಬತ್ತು ಪಂದ್ಯಗಳನ್ನಾಡಿ 421 ಪಾಯಿಂಟ್ ಗಳಿಸಿತು. ಬಿಟ್ಟುಕೊಟ್ಟದ್ದು ಬರೀ 20. ಪಂದ್ಯಕ್ಕೆ ಸರಾಸರಿ 46ಕ್ಕೂ ಮೇಲೆ! ಹಾರ ತರಿಸುವ ಮೊದಲು ಬಿಡಿ ಲೆಕ್ಕದ ಮೇಲೆ ಕಣ್ಣಾಡಿಸುವುದು ಒಳ್ಳೆಯದು. ಡೇವಿಡ್‌ಸನ್ ವಿರುದ್ಧ 9. ನಾರ್ತ್ ಕ್ಯಾರೊಲಿನಾ ವಿರುದ್ಧ 10. ವಾಷಿಂಗ್ಟನ್ ಅಂಡ್ ಲೀ ಜೊತೆ 7–7, ಸಮಸಮ. ಮಿಕ್ಕದ್ದರಲ್ಲಿ ಸಿಂಹಪಾಲು? ಅಕ್ಟೋಬರ್ 7ರಂದು ಒಂದೇ ಪಂದ್ಯದಲ್ಲಿ 222. ಇಡೀ ಹಂಗಾಮಿನ ಫಸಲಿನಲ್ಲಿ ಅರ್ಧಕ್ಕಿಂತ ಹೆಚ್ಚು ಒಂದೇ ದಿನ ಕಣಕ್ಕೆ ಬಂದಿತ್ತು.

(ಇದು ನಮ್ಮ ಕಾಲ್ಚೆಂಡಲ್ಲ. ಮೊಟ್ಟೆಯಾಕಾರದ ಚೆಂಡನ್ನು ಎದೆಗವಚಿಕೊಂಡು ಓಡುವ, ಓಡುವವನನ್ನು ಕೆಡವುವ ಅಮೆರಿಕದ ಆಟ.)

ಆ ದಿನದ ಎದುರಾಳಿ ಟೆನ್ನೆಸೀ ರಾಜ್ಯದ ಕಂಬರ್‌ಲ್ಯಾಂಡ್ ಕಾಲೇಜು. ಅದರ ಹೆಗ್ಗಳಿಕೆಯೆಂದರೆ ಆ ವರ್ಷ ಅದಕ್ಕೆ ಫುಟ್‌ಬಾಲ್ ತಂಡವೇ ಇರಲಿಲ್ಲ, ಆಟವನ್ನೇ ಕೈಬಿಟ್ಟಿತ್ತು. ಆದರೆ ಕರಾರಿನ ಕಾಗದ ಹಾಗೇ ಉಳಿದಿತ್ತು. ಬಂದು ಆಡಿದರೆ 500 ಡಾಲರ್, ಬಾರದಿದ್ದರೆ 3000 ಡಾಲರ್ ದಂಡ. ಟೆಕ್‌ನ ತರಬೇತುದಾರ ಜಾನ್ ಹೈಸ್‌ಮನ್ ಕಾನೂನು ಓದಿದವರು. ಕಾಗದದ ಬೆಲೆ ಅವರಿಗೆ ಗೊತ್ತಿತ್ತು. ಮೇಲಾಗಿ ಅದೇ ವರ್ಷ ಬೇಸ್‌ಬಾಲ್‌ನಲ್ಲಿ ಕಂಬರ್‌ಲ್ಯಾಂಡ್ ಅವರ ಹುಡುಗರನ್ನು 22–0ರಿಂದ ಸೋಲಿಸಿತ್ತು, ಅದೂ ಬಾಡಿಗೆ ಆಟಗಾರರನ್ನು ಇಳಿಸಿ ಎಂಬ ಗುಮಾನಿ. ಸೇಡಿಗೆ ಇನ್ನೊಂದು 2 ಸೇರಿಸಿದರು, ಅಷ್ಟೇ.

ವಿದ್ಯಾರ್ಥಿ ಮ್ಯಾನೇಜರ್ ಕೈಗೆ ಸಿಕ್ಕ ಹತ್ತಾರು ಸಹಪಾಠಿಗಳನ್ನು ರೈಲು ಹತ್ತಿಸಿ ಕರೆತಂದ. ಅರ್ಧ ಆಟ ಮುಗಿದಾಗ 126–0. ಚೆಂಡು ಕೈಗೆ ಬಂದರೆ ಟೆಕ್‌ನವರು ಮೈಮೇಲೆ ಬೀಳುತ್ತಿದ್ದರಲ್ಲ, ಹಾಗಾಗಿ ತಾವು ಹಿಡಿಯಬೇಕಾದ ಚೆಂಡನ್ನೂ ಕಂಬರ್‌ಲ್ಯಾಂಡ್‌ನವರು ಕೆಲವೊಮ್ಮೆ ಅವರಿಗೇ ಒದ್ದುಬಿಟ್ಟರು. ಜಾರಿದ ಚೆಂಡನ್ನು ಎತ್ತಿಕೋ ಎಂದು ಒಬ್ಬ ಕೂಗಿದ್ದಕ್ಕೆ, ಬೀಳಿಸಿದವನು ನೀನು, ನೀನೇ ಎತ್ತಿಕೋ ಎಂದನಂತೆ ಇನ್ನೊಬ್ಬ. ದಂತಕಥೆಯಿರಬಹುದು, ಆದರೂ ಆ ದಿನ ಮೈದಾನದಲ್ಲಿ ಕೇಳಿಬಂದ ಅತ್ಯಂತ ವಿವೇಕದ ಮಾತು ಅದೇ ಇರಬೇಕು.

ಕೊನೆಗೆ ಆಟದ ಅವಧಿಯನ್ನೇ ಮೊಟಕುಗೊಳಿಸಿದರು. ಕರುಣೆಯೂ ಇತ್ತು, ಆದರೆ 200 ದಾಟಿಸುವುದಕ್ಕೆ ಅಡ್ಡಿ ಬರುವಷ್ಟಲ್ಲ.

ಗುಬ್ಬಿಯ ಮೇಲೆ ಈ ಬ್ರಹ್ಮಾಸ್ತ್ರ ಏಕೆ? ಸೇಡಿನ ಜೊತೆಗೆ ಇನ್ನೊಂದು ಘನ ಉದ್ದೇಶವನ್ನೂ ಹೇಳುತ್ತಾರೆ. ಆ ಕಾಲದ ಕ್ರೀಡಾ ವರದಿಗಾರರು ಎದುರಾಳಿ ಯಾರೆಂದು ನೋಡದೆ, ಒಟ್ಟು ಪಾಯಿಂಟ್ ಕೂಡಿಸಿ ತಂಡಗಳ ಯೋಗ್ಯತೆ ಅಳೆಯುತ್ತಿದ್ದರು. ಅದರ ಹುಚ್ಚುತನವನ್ನು ತೋರಿಸಿಕೊಡಲೆಂದೇ ಹೈಸ್‌ಮನ್ ಹೀಗೆ ಮಾಡಿದರಂತೆ. ಮಿತಾಹಾರದ ಮಹತ್ವ ಸಾರಲು ಪಕ್ಕದ ಎಲೆಯ ಹೋಳಿಗೆಯನ್ನೂ ತಿಂದು ತೋರಿಸುವ ಹಿರಿಯರು ನಮ್ಮ ಪಂಕ್ತಿಯಲ್ಲೂ ಇದ್ದಾರೆ. ಅವರ ಹೆಸರಿನಲ್ಲಿ ಪ್ರಶಸ್ತಿ ಇಡುವುದು ಮಾತ್ರ ನಮಗೆ ಹೊಳೆದಿಲ್ಲ. ಅಮೆರಿಕದಲ್ಲಿ ಕಾಲೇಜು ಫುಟ್‌ಬಾಲ್‌ನ ಅತ್ಯುತ್ತಮ ಆಟಗಾರನಿಗೆ ಇಂದಿಗೂ ಸಿಗುವುದು ಹೈಸ್‌ಮನ್ ಟ್ರೋಫಿ.

ನನ್ನದೂ ಒಂದು ಲೆಕ್ಕವಿದೆ. ಕಂಬರ್‌ಲ್ಯಾಂಡ್‌ಗೆ 3000 ಡಾಲರ್ ದಂಡ ಉಳಿಯಿತು, 500 ಡಾಲರ್ ಕೈಸೇರಿತು. 3500ನ್ನು 222ರಿಂದ ಭಾಗಿಸಿ. ಬಿಟ್ಟುಕೊಟ್ಟ ಒಂದೊಂದು ಪಾಯಿಂಟಿಗೂ ಸುಮಾರು 15 ಡಾಲರ್ 77 ಸೆಂಟ್ ಬಿತ್ತು. ಟೆಕ್‌ನ ಖಾತೆಯಲ್ಲಿ ಅದೇ ದಿನ 500 ಡಾಲರ್ ಖರ್ಚು.