ಮಾವನ ಡಬ್ಬ ಮತ್ತು 1970ರ ಕಳ್ಳ

ಗೋಣಿಕೊಪ್ಪಲು ಹತ್ರ ಇರೋ ನಮ್ಮ ಮಾವನ ತೋಟದಲ್ಲಿ ಕಣಕ್ಕೆ, ಗೋಡೌನಿಗೆ, ಗೇಟಿಗೆ ಎಲ್ಲಾ ಹಳೇ ಅನಲಾಗ್ ಕ್ಯಾಮೆರಾ. ಅವುಗಳ ಕೇಬಲ್ ಎಲ್ಲಾ ಬಂದು ಸೇರೋದು ಆಫೀಸ್ ರೂಮಲ್ಲಿರೋ ಒಂದು ವಿಡಿಯೋ ಸರ್ವರ್ ಡಬ್ಬಕ್ಕೆ. ಹೆಸರು ದೊಡ್ಡದು, ಮಾಡೋ ಕೆಲಸ ಇಷ್ಟೇ: ಕ್ಯಾಮೆರಾದ ಸಿಗ್ನಲ್ಲನ್ನ ಡಿಜಿಟಲ್ ಮಾಡಿ ನೆಟ್‌ವರ್ಕಿಗೆ ಬಿಡೋದು, ಆಮೇಲೆ ಕಂಪ್ಯೂಟರಲ್ಲಿ ನೋಡ್ಬಹುದು, ರೆಕಾರ್ಡ್ ಮಾಡ್ಬಹುದು.

ಆದ್ರೆ ಯಾವ ಕಂಪ್ಯೂಟರಲ್ಲಿ? ಇದಕ್ಕೆ ಆಕ್ಟಿವ್‌ಎಕ್ಸ್ ಅನ್ನೋ, ಬ್ರೌಸರ್ ಒಳಗೆ ಓಡೋ ಸಣ್ಣ ಪ್ರೋಗ್ರಾಂ ಬೇಕು, ಆಕ್ಟಿವ್‌ಎಕ್ಸಿಗೆ ಇಂಟರ್ನೆಟ್ ಎಕ್ಸ್‌ಪ್ಲೋರರ್ ಬೇಕು, ಅದಕ್ಕೋ ಮೈಕ್ರೋಸಾಫ್ಟಿನವ್ರು 2022ರ ಜೂನ್ 15ಕ್ಕೆ ರಿಟೈರ್ಮೆಂಟ್ ಕೊಟ್ಟು ಕೂರಿಸಿದ್ದಾರೆ. ಹಂಗಾಗಿ ವಿಂಡೋಸ್ ಎಕ್ಸ್‌ಪಿ ಇರೋ ಒಂದು ಮುದಿ ಕಂಪ್ಯೂಟರ್ ಮಾತ್ರ ಇದ್ರ ಜೊತೆ ಸಂಸಾರ ಮಾಡ್ತದೆ, ಅದನ್ನ ತೋಟದ ಲೆಕ್ಕ ಬರೆಯೋ ರೈಟರ್ ಬಿಟ್ಟು ಬೇರೆ ಯಾರೂ ಮುಟ್ಟೋ ಹಾಗಿಲ್ಲ.

ಒಂದಿನ ಕಣದ ಚಿತ್ರ ಮಟಮಟ ಮಧ್ಯಾಹ್ನನೂ ಮುಸ್ಸಂಜೆ ಥರ ಕಾಣ್ತಿತ್ತು. ಮಾವ ಕ್ಯಾಮೆರಾ ಹೋಯ್ತು ಅಂದ್ರು, ರೈಟರ್ ನೋಡಿ, ಮಂಜು ಕವಿದಿದೆ ಅಂದ್ರು, ಮಾರ್ಚ್ ತಿಂಗಳ ಉರಿಬಿಸಿಲಲ್ಲಿ ಎಲ್ಲಿ ಮಂಜು ಮಾರಾಯ್ರೆ! ಕೇಬಲ್ ಹಿಡ್ಕೊಂಡು ಹೋದ್ರೆ ಅದು ಅಡುಗೆಮನೆ ಟಿವಿಗೂ ಹೋಗಿದೆ, ಅತ್ತೆ ಕೂತಲ್ಲೇ ಕಣ ನೋಡ್ಬೇಕು ಅಂತ ಮಾವ ಮಧ್ಯೆ ಕೇಬಲ್ ಕವಲೊಡೆಸೋ ಟೀ ಕನೆಕ್ಟರ್ ಹಾಕಿ ಎಳೆದಿದ್ದಾರೆ. 75 ಓಮ್ ಟರ್ಮಿನೇಷನ್, ಅಂದ್ರೆ ಸಿಗ್ನಲ್ ವಾಪಸ್ ಪುಟಿಯದ ಹಾಗೆ ತಡೆಯೋ ರೆಸಿಸ್ಟರ್, ಲೈನಿನ ಕೊನೇಲಿ ಒಂದೇ ಕಡೆ ಇರ್ಬೇಕು, ಇಲ್ಲಿ ಡಬ್ಬದಲ್ಲೂ ಆನ್, ಟಿವಿಯಲ್ಲೂ ಇದೆ, ಸಿಗ್ನಲ್ ಹಂಚಿಹೋಗಿ ಚಿತ್ರ ಮಸುಕು. ಡಬ್ಬದ ಹಿಂದಿನ ಚಿಕ್ಕ ಸ್ವಿಚ್ ಆಫ್ ಮಾಡಿದ್ಮೇಲೆ ಬೆಳಗಾಯ್ತು.

ಅದಾದ ಸ್ವಲ್ಪ ದಿನಕ್ಕೇ ಕಣದಲ್ಲಿ ಒಣಗಿಸಿದ್ದ ಕರಿಮೆಣಸು ಎರಡು ಚೀಲ ಮಾಯ. ರೆಕಾರ್ಡಿಂಗ್ ತಗೊಂಡು ಸ್ಟೇಷನ್ನಿಗೆ ಹೋದ್ವಿ. ಪೊಲೀಸಿನವ್ರು ನೋಡಿ, "ಏನ್ ಸಾರ್, ತಾರೀಕು 1970 ಜನವರಿ 1 ಅಂತ ಉಂಟಲ್ಲ?" ಅಂದ್ರು. ಹಿಂದಿನ ರಾತ್ರಿ ಗಾಳಿಗೆ ಕರೆಂಟ್ ಹೋಗಿತ್ತು, ಡಬ್ಬದ ಗಡಿಯಾರಕ್ಕೆ ಬ್ಯಾಟರಿ ಬೆಂಬಲ ಇಲ್ಲ, ಕರೆಂಟ್ ಬಂದಾಗ ಅದು ಸೀದಾ ಕಂಪ್ಯೂಟರುಗಳು ಕಾಲ ಎಣಿಸೋ ಯುನಿಕ್ಸ್ ಲೆಕ್ಕ ಶುರುವಾಗೋ ದಿನಕ್ಕೆ ಹೋಗಿ ನಿಂತಿದೆ, ಟೈಮ್ ಸರ್ವರನ್ನ ಕೇಳಿ ಸರಿಮಾಡ್ಕೊಳ್ಳೋಣ ಅಂದ್ರೆ ನೆಟ್ಟೂ ಇಲ್ಲ. ಇದನ್ನೆಲ್ಲ ಬಿಡಿಸಿ ಹೇಳಿದೆ. ಅವ್ರು ಪೂರ್ತಿ ಕೇಳಿ, "ರಾಜ್ಯಕ್ಕೆ ಕರ್ನಾಟಕ ಅಂತ ಹೆಸರು ಬಂದಿದ್ದೇ 1973ರಲ್ಲಿ, ಇದು ಮೈಸೂರು ರಾಜ್ಯದ ಕೇಸು" ಅಂದ್ರು.

ಇನ್ನು ಕಳ್ಳನ ಮುಖ. ಪಾಲ್ (PAL) ಅನ್ನೋ ಈ ಹಳೇ ಟಿವಿ ಪದ್ಧತಿಯ ವಿಡಿಯೋದಲ್ಲಿ ಒಂದು ಚಿತ್ರ ಎರಡು ಕಂತಲ್ಲಿ ಬರ್ತದೆ, ಮೊದಲು ಒಂದು ಬಿಟ್ಟು ಒಂದು ಗೆರೆ, ಸೆಕೆಂಡಿನ 50ನೇ ಒಂದು ಭಾಗ ಆದ್ಮೇಲೆ ಉಳಿದ ಗೆರೆ, ಅಷ್ಟರಲ್ಲಿ ಆಸಾಮಿ ಓಡಿದ್ರೆ ಚಿತ್ರ ನಿಲ್ಲಿಸಿ ನೋಡಿದಾಗ ಮುಖ ಬಾಚಣಿಗೆ ಹಲ್ಲಿನ ಥರ ಸೀಳಿರ್ತದೆ. ಆ ಗೆರೆಗಳಲ್ಲಿ ಅತ್ತೆಗೆ ಹಳೇ ಡ್ರೈವರ್ ಕಂಡ, ರೈಟರಿಗೆ ಯಾರೋ ಸಾಲಗಾರ ಕಂಡ.

ಇನ್ನಾದ್ರೂ ನೇರ ನೆಟ್‌ವರ್ಕಿಗೇ ಸೇರೋ ಹೊಸ ಐಪಿ ಕ್ಯಾಮೆರಾ ಹಾಕ್ಸಿ ಮಾವ ಅಂದೆ. ಮಾವ ಡಬ್ಬದ ಮೇಲಿನ ಧೂಳು ಒರೆಸ್ತಾ, "ಇದಕ್ಕೇನಾಗಿದೆ? ಕಳ್ಳನಿಗೇ ಒಂದ್ಕಡೆ ನೆಟ್ಟಗೆ ನಿಲ್ಲಕ್ಕೆ ಬರಲ್ಲ" ಅಂದ್ರು.