ಮಳೆ ತರಿಸಿದವನ ಬಾಕಿ ಬಿಲ್ಲು

ಚರ್ಚಾಸ್ಪರ್ಧೆಗೆ ತೀರ್ಪುಗಾರನಾಗಿ ಕರೆದರೆ ನಾನು ಸಾಮಾನ್ಯವಾಗಿ ಇಲ್ಲ ಅನ್ನುವುದಿಲ್ಲ. ಕೂತಲ್ಲೇ ಕೂತು, ಬಾಯಿ ಬಿಡದೆ, ಇನ್ನೊಬ್ಬರಿಗೆ ಅಂಕ ಹಾಕುವ ಕೆಲಸ. ಯಾರಿಗೆ ಬೇಡ? ಆದರೆ ಈ ಸಲ ವಿಷಯ ಓದಿಯೇ ಸ್ವಲ್ಪ ಅಳುಕಾಯಿತು. ‘ಮನುಷ್ಯ ಪ್ರಕೃತಿಯನ್ನು ನಿಯಂತ್ರಿಸಬಲ್ಲನೇ? ನಿಯಂತ್ರಿಸಬೇಕೇ?’ ಒಂದು ಸಾಲದು ಅಂತ ಎರಡು ಪ್ರಶ್ನೆ.

ಹಾಲ್‌ನಲ್ಲಿ ಎ.ಸಿ. ಎಷ್ಟು ಜೋರಾಗಿತ್ತೆಂದರೆ ಮೊದಲ ಹುಡುಗಿ ‘ಮಾನವನ ಅಪಾರ ಸಾಮರ್ಥ್ಯ’ ಅನ್ನುವಾಗ ಹಲ್ಲು ಕಟಕಟ ಅನ್ನುತ್ತಿತ್ತು. ಸ್ವಲ್ಪ ಕಮ್ಮಿ ಮಾಡಿ ಅಂದೆ. ರಿಮೋಟ್ ಇಲ್ಲ. ಅದನ್ನು ಇಟ್ಟುಕೊಂಡವರು ಎಲ್ಲೋ ಹೊರಗೆ ಹೋಗಿದ್ದಾರೆ. ಅಂತೂ ಸಿಕ್ಕಿತು, ಕಮ್ಮಿ ಮಾಡಿದರು. ತಕ್ಷಣ ಹಿಂದಿನ ಸಾಲಿನಿಂದ ‘ಸಾರ್, ಸೆಕೆ!’ ಮತ್ತೆ ಜಾಸ್ತಿ ಮಾಡಿದರು. ಈಗ ಮುಂದಿನ ಸಾಲಿನವರು ಹಿಂದೆ ತಿರುಗಿ ಕಣ್ಣು ಕೆಂಪು ಮಾಡಿದರು. ನಾಲ್ಕು ಗೋಡೆಯೊಳಗಿನ ಗಾಳಿಗೇ ಈ ಪಾಡು.

ಪರವಾಗಿ ಮಾತಾಡಿದವರು ಚಂದ್ರನ ಮೇಲೆ ಕಾಲಿಟ್ಟರು. ವಿರೋಧವಾಗಿ ಮಾತಾಡಿದವರು ‘ಪ್ರಕೃತಿ ಮುನಿದರೆ’ ಅಂತ ಶುರುಮಾಡಿದರು. ಈ ‘ಮುನಿಯುವುದು’ ಇದೆಯಲ್ಲ, ನನಗೆ ಮೈ ಉರಿಯುವುದು ಅದಕ್ಕೇ. ಭೂಕಂಪ ಆದರೆ ಮುನಿಸು, ಪ್ರವಾಹ ಬಂದರೆ ಪಾಠ. ನಾಲ್ಕೂವರೆ ಶತಕೋಟಿ ವರ್ಷ ವಯಸ್ಸಿನ ಭೂಮಿ ತನ್ನ ಕೆಲಸ ಬಿಟ್ಟು ನಮಗೆ ಪಾಠ ಹೇಳಿಕೊಡಲು ಕೂತಿದೆ ಅಂತ ನಂಬುವುದಕ್ಕೆ ಎಷ್ಟು ಜಂಭ ಬೇಕು! ಅದು ನಮ್ಮ ಕಡೆ ತಿರುಗಿಯೂ ನೋಡಿಲ್ಲ. ಇನ್ನು ‘ಪ್ರಕೃತಿಯನ್ನು ಅದರ ಪಾಡಿಗೆ ಬಿಡಿ’ ಅನ್ನುವವರು ಯಾರೂ ಸಿಡುಬಿನ ಹೆಸರೆತ್ತುವುದಿಲ್ಲ. ಅದೂ ಪ್ರಕೃತಿಯೇ ತಾನೆ? 1980ರಲ್ಲಿ ಅದು ಭೂಮಿಯ ಮೇಲೆ ಇಲ್ಲ ಅಂತ ವಿಶ್ವ ಆರೋಗ್ಯ ಸಂಸ್ಥೆ ಘೋಷಿಸಿತು. ಅದರ ಪಾಡಿಗೆ ಬಿಡಬೇಕಿತ್ತು ಅಂತ ಒಬ್ಬರೂ ಅತ್ತದ್ದನ್ನು ನಾನು ಕೇಳಿಲ್ಲ.

ಹೀಗೆ ಒಳಗೊಳಗೇ ಗೊಣಗುತ್ತಾ ಕೂತಿದ್ದಾಗ ನನಗೆ ಚಾರ್ಲ್ಸ್ ಹ್ಯಾಟ್‌ಫೀಲ್ಡ್ ನೆನಪಾದ. ಆಮೇಲೆ ಮೂರ್ನಾಲ್ಕು ಮಕ್ಕಳ ಮಾತು ನನ್ನ ಕಿವಿಗೆ ಬೀಳಲೇ ಇಲ್ಲ.

ಹ್ಯಾಟ್‌ಫೀಲ್ಡ್ ಅಮೆರಿಕದವನು. ವೃತ್ತಿಯಲ್ಲಿ ಹೊಲಿಗೆ ಯಂತ್ರ ಮಾರುವವನು, ಹವ್ಯಾಸ ಮಾತ್ರ ಮಳೆ ತರಿಸುವುದು. ಎತ್ತರದ ಮರದ ಅಟ್ಟಣಿಗೆ ಕಟ್ಟಿ, ತುದಿಯಲ್ಲಿ ಅಗಲ ಬಾಯಿಯ ತೊಟ್ಟಿಗಳನ್ನು ಇಟ್ಟು, ಅದರಲ್ಲಿ ಏನೇನೋ ರಾಸಾಯನಿಕ ಕಲಸಿ ಆವಿ ಬಿಡುತ್ತಿದ್ದ. ಒಟ್ಟು 23 ಬಗೆಯ ಪದಾರ್ಥ ಅನ್ನುತ್ತಾರೆ. ಯಾವ್ಯಾವುದು ಅಂತ ಮಾತ್ರ ಯಾರಿಗೂ ಹೇಳಲಿಲ್ಲ. ಕೇಳಿದರೆ, ನಾನು ಮಳೆ ಮಾಡುವುದಿಲ್ಲ, ಮೋಡಗಳನ್ನು ಕರೆಯುತ್ತೇನೆ, ಉಳಿದದ್ದು ಅವು ನೋಡಿಕೊಳ್ಳುತ್ತವೆ ಅನ್ನುತ್ತಿದ್ದನಂತೆ. ಎಂಥ ಜಾಣ ನೋಡಿ. ಬಂದರೆ ಇವನು ಕರೆದದ್ದಕ್ಕೆ ಬಂತು. ಬರದಿದ್ದರೆ ಮೋಡದ ಸೊಕ್ಕು.

1915ರ ಕೊನೆಗೆ ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯಾಗೋ ನಗರಕ್ಕೆ ನೀರಿನ ಚಿಂತೆ ಹತ್ತಿತ್ತು. ಮೊರೇನಾ ಅನ್ನುವ ಅವರ ಜಲಾಶಯ ತುಂಬುತ್ತಲೇ ಇರಲಿಲ್ಲ. ತುಂಬಿಸಿಕೊಡುತ್ತೇನೆ, ತುಂಬಿದರೆ 10,000 ಡಾಲರ್, ಇಲ್ಲದಿದ್ದರೆ ಬಿಡಿಗಾಸೂ ಬೇಡ ಅಂದ ಹ್ಯಾಟ್‌ಫೀಲ್ಡ್. ನಗರಸಭೆಯವರು ಒಪ್ಪಿದರು. ಹೋದರೆ ಏನು ಹೋಯಿತು, ಅಲ್ವಾ? ಒಪ್ಪಂದದ ಕಾಗದಕ್ಕೆ ಸಹಿ ಹಾಕುವ ಗೋಜಿಗೂ ಹೋಗಲಿಲ್ಲ. ಇವನು ತಮ್ಮನ ಜೊತೆ ಜಲಾಶಯದ ಹತ್ತಿರ ಅಟ್ಟಣಿಗೆ ಕಟ್ಟಿದ, ತೊಟ್ಟಿ ಇಟ್ಟ, ಹೊಗೆ ಎಬ್ಬಿಸಿದ.

1916ರ ಜನವರಿ ಮೊದಲ ವಾರದಲ್ಲಿ ಮಳೆ ಶುರುವಾಯಿತು. ಜನಕ್ಕೆ ಖುಷಿಯೋ ಖುಷಿ. ಎರಡನೇ ವಾರವೂ ಮಳೆ, ಮೂರನೇ ವಾರವೂ ಮಳೆ. ನದಿ ದಡ ಮೀರಿತು, ಸೇತುವೆಗಳು ಹೋದವು, ರೈಲು ನಿಂತಿತು. ಜನವರಿ 27ಕ್ಕೆ ಪಕ್ಕದ ಲೋವರ್ ಓಟೇ ಅಣೆಕಟ್ಟು ಒಡೆದೇ ಹೋಯಿತು. ಜನ ಸತ್ತರು. ಇಷ್ಟಾದರೂ ಮೊರೇನಾ ಮಾತ್ರ ಒಡೆಯಲಿಲ್ಲ. ಮಾತು ಕೊಟ್ಟ ಹಾಗೆ ತುಂಬಿಕೊಂಡು ನಿಂತಿತ್ತು!

ಹ್ಯಾಟ್‌ಫೀಲ್ಡ್ ಮಹಾಶಯ ಹಣ ಕೇಳಲು ನಗರಕ್ಕೆ ಹೊರಟ. ರಸ್ತೆ, ಸೇತುವೆ ಕೊಚ್ಚಿಹೋಗಿದ್ದರಿಂದ ನಡೆದುಕೊಂಡೇ ಹೋದನಂತೆ. ನನ್ನ ಕಣ್ಣಿಗೆ ಕಟ್ಟುವುದು ಇದೇ ದೃಶ್ಯ. ಸುತ್ತ ಮುಳುಗಿದ ಊರು, ತೇಲುವ ಮರ, ನಡುವೆ ಕೆಸರು ತುಳಿಯುತ್ತಾ ಹೋಗುತ್ತಿರುವ ಒಬ್ಬ ಗುತ್ತಿಗೆದಾರ. ತಲೆಯಲ್ಲಿ 10,000 ಡಾಲರ್ ಲೆಕ್ಕ.

ನಗರದ ವಕೀಲರು ಇವನಿಗಿಂತ ಜಾಣರು. ಮಳೆ ತರಿಸಿದ್ದು ನೀನೇ ಅನ್ನುವುದಾದರೆ ಕೊಡೋಣ, ಆದರೆ ಊರಿಗಾದ 35 ಲಕ್ಷ ಡಾಲರ್ ನಷ್ಟವೂ ನಿನ್ನದೇ ಅಂತ ಒಪ್ಪಿಕೋ ಅಂದರು. ನಿನ್ನದಲ್ಲವಾ, ಹಾಗಾದರೆ ಹಣ ಯಾಕೆ? ಪುಣ್ಯಾತ್ಮ ಕೋರ್ಟಿಗೆ ಹೋದ. ಕೇಸು ಎಳೆದು ಎಳೆದು 1938ರಲ್ಲಿ ಮುಗಿಯಿತು. ಮಳೆ ದೇವರದ್ದು ಅಂತ ತೀರ್ಮಾನವಾಯಿತು. ಪ್ರವಾಹದ ಪಾಪ ಇವನ ತಲೆಯಿಂದ ಇಳಿಯಿತು, ಜೊತೆಗೆ ಹಣವೂ ಕೈಬಿಟ್ಟಿತು. ಅಷ್ಟರಲ್ಲಿ ಮತ್ತೆ ಹೊಲಿಗೆ ಯಂತ್ರ ಮಾರಲು ಶುರುಮಾಡಿದ್ದ. 1958ರಲ್ಲಿ ತೀರಿಕೊಂಡ. ತೊಟ್ಟಿಯಲ್ಲಿ ಕಲಸುತ್ತಿದ್ದದ್ದು ಏನು ಅನ್ನುವುದೂ ಅವನ ಜೊತೆಗೇ ಹೋಯಿತು. ಹಳೆಯ ಮಳೆ ಲೆಕ್ಕಗಳನ್ನು ಚೆನ್ನಾಗಿ ಓದಿಕೊಂಡು, ಮಳೆ ಬರುವ ಕಾಲ ನೋಡಿ ಅಟ್ಟಣಿಗೆ ಕಟ್ಟುತ್ತಿದ್ದ ಅಷ್ಟೇ ಅಂತ ಹಲವರು ಹೇಳುತ್ತಾರೆ. ಇರಬಹುದು. ಆದರೂ ನನಗೆ ಅವನ ಮೇಲೆ ಸಿಟ್ಟು ಬರುವುದಿಲ್ಲ. ಸಿಟ್ಟು ಬರುವುದು ಆ ವಕೀಲರ ಮೇಲೆ. ಅವರು ಹೇಳಿದ್ದು ಸರಿಯಾಗಿಯೇ ಇತ್ತು ಅನ್ನುವುದು ಸಿಟ್ಟನ್ನು ಇನ್ನೂ ಜಾಸ್ತಿ ಮಾಡುತ್ತದೆ.

ಹೊಗೆ ತೊಟ್ಟಿಯ ಕಾಲ ಹೋಗಿ ಪ್ರಯೋಗಶಾಲೆಯ ಕಾಲ ಬಂದ ಮೇಲೂ ಜಗಳ ಇದೇ. 1946ರಲ್ಲಿ ಅಮೆರಿಕದ ವಿಜ್ಞಾನಿ ವಿನ್ಸೆಂಟ್ ಶೇಫರ್ ವಿಮಾನದಿಂದ ಮೋಡಕ್ಕೆ ಒಣ ಮಂಜುಗಡ್ಡೆ (ಹೆಪ್ಪುಗಟ್ಟಿಸಿದ ಇಂಗಾಲದ ಡೈಆಕ್ಸೈಡ್) ಸುರಿದು ಹಿಮ ಬೀಳಿಸಿದರು. ಅದು ನಿಜವಾದ ವಿಜ್ಞಾನ. ಮರುವರ್ಷ ಅಕ್ಟೋಬರ್‌ನಲ್ಲಿ ಅಟ್ಲಾಂಟಿಕ್‌ನ ಒಂದು ಚಂಡಮಾರುತಕ್ಕೂ ಸುರಿದು ನೋಡಿದರು. ಸುಮ್ನೆ ಸಮುದ್ರದ ಕಡೆ ಹೋಗುತ್ತಿದ್ದ ಅದು ತಿರುಗಿ ಜಾರ್ಜಿಯಾದ ಸವಾನ್ನಾ ಊರಿನ ಹತ್ತಿರ ದಡಕ್ಕೆ ಬಂತು. ನೀವೇ ತಿರುಗಿಸಿದ್ದು ಅಂದರು ಜನ. ಅದು ಮೊದಲೇ ತಿರುಗಲು ಶುರುಮಾಡಿತ್ತು ಅಂತ ಆಮೇಲೆ ಗೊತ್ತಾಯಿತು. ಯಾರು ಕೇಳುತ್ತಾರೆ? ಮೋಡ ಮುಟ್ಟಿದವರು ನೀವು, ನೆನೆದವರು ನಾವು.

ಇದಕ್ಕೆಲ್ಲ ಏನಾದರೂ ಉತ್ತರ ಇದ್ದರೆ ಅದು ನೆದರ್ಲೆಂಡ್ಸ್‌ನಲ್ಲಿ ಇರಬೇಕು ಅಂತ ನಾನು ಬಹಳ ಕಾಲ ನಂಬಿದ್ದೆ. ಆ ದೇಶದ ಸುಮಾರು ಕಾಲು ಭಾಗ ಸಮುದ್ರ ಮಟ್ಟಕ್ಕಿಂತ ಕೆಳಗಿದೆ. ಹಗಲೂ ರಾತ್ರಿ ನೀರು ಎತ್ತಿ ಹೊರಗೆ ಹಾಕುತ್ತಿರಬೇಕು. ಪ್ರಕೃತಿಯನ್ನು ಗೆದ್ದವರು ಅಂತ ಅವರನ್ನು ಹೊಗಳುವವರು ಆ ಪಂಪುಗಳ ಸದ್ದು ಕೇಳಿಸಿಕೊಂಡಿಲ್ಲ. ಗೆದ್ದಿದ್ದರೆ ಪಂಪು ಆಫ್ ಮಾಡಬಹುದಿತ್ತಲ್ಲ. ನೀರು ನೋಡಿಕೊಳ್ಳಲೆಂದೇ ಅವರಲ್ಲಿ 13ನೇ ಶತಮಾನದಿಂದ ಮಂಡಳಿಗಳಿವೆ. ಅದಕ್ಕೇ ಬೇರೆ ತೆರಿಗೆ, ಬೇರೆ ಚುನಾವಣೆ.

ಆದರೆ ಅಲ್ಲೂ ನೆಮ್ಮದಿ ಇಲ್ಲ. ಜೌಗು ನೆಲದ ರೈತರಿಗೆ ಕಾಲುವೆಯ ನೀರು ಕೆಳಗಿರಬೇಕು, ಇಲ್ಲದಿದ್ದರೆ ಟ್ರ್ಯಾಕ್ಟರ್ ಹೂತುಹೋಗುತ್ತದೆ. ಹಕ್ಕಿ ಪ್ರಿಯರಿಗೆ ನೀರು ಮೇಲಿರಬೇಕು. ಹಳೆಯ ಮನೆಗಳು ನಿಂತಿರುವುದು ಮರದ ಕಂಬಗಳ ಮೇಲೆ. ನೀರು ಇಳಿದರೆ ಕಂಬಕ್ಕೆ ಗಾಳಿ ತಾಗಿ ಕೊಳೆಯುತ್ತದೆ, ಹಾಗಾಗಿ ಆ ಮನೆಯವರಿಗೂ ಮೇಲೇ ಇರಬೇಕು. ರೈತರಿಗಾಗಿ ನೀರು ಇಳಿಸಿದರೆ ಒಣಗಿದ ನೆಲ ಕುಸಿಯುತ್ತದೆ. ನೆಲ ಕುಸಿದರೆ ನೀರನ್ನು ಇನ್ನೂ ಇಳಿಸಬೇಕು. ಎಷ್ಟು ಇಳಿಸಬೇಕು, ಯಾರ ಮಾತು ನಡೆಯಬೇಕು ಅನ್ನುವುದಕ್ಕೆ ಅವರು ನಾಲ್ಕು ವರ್ಷಕ್ಕೊಮ್ಮೆ ಸಾಲಿನಲ್ಲಿ ನಿಂತು ಮತ ಹಾಕುತ್ತಾರೆ. ಕೆಲವು ಸೆಂಟಿಮೀಟರ್ ನೀರಿಗಾಗಿ!